ಹುರಿ ಬಿಚ್ಚಿದ ಕಾಲಿಗೆ ನಡಿಗೆಯ ಮದ್ದು

ಕೋಟಿಗಟ್ಟಲೆ ಬೆಲೆಯ ಕುದುರೆಗಳು ಓಡುವ ದುಬೈ, ಅಬುಧಾಬಿಯಲ್ಲಿ ಅವುಗಳ ಕಾಲಿನ ಸ್ನಾಯುರಜ್ಜು ಹರಿದರೆ ಏನಾಗುತ್ತದೆ? ಯಂತ್ರಗಳಿವೆ, ಸೂಜಿಗಳಿವೆ, ಈಜುಕೊಳಗಳಿವೆ. ಆದರೂ ವಾಸಿಯಾಗುವ ದಾರಿಯ ಬಹುಪಾಲನ್ನು ಕುದುರೆ ಒಬ್ಬ ಮನುಷ್ಯನ ಪಕ್ಕದಲ್ಲಿ ನಡೆದೇ ಕಳೆಯಬೇಕು.

ದುಬೈನ ಲಾಯಗಳಲ್ಲಿ ಬೆಳಗಿನ ಜಾವ ಜೀನು ಬಿಗಿಯುವ ಮೊದಲೇ ಮುಗಿಯಬೇಕಾದ ಕೆಲಸವೊಂದಿದೆ. ಸೈಸ್ ಕುದುರೆಯ ಪಕ್ಕದಲ್ಲಿ ಕುಕ್ಕರಗಾಲಲ್ಲಿ ಕೂತು, ಅದರ ಮುಂಗಾಲಿನ ಹಿಂಬದಿಯನ್ನು ಎರಡು ಬೆರಳ ನಡುವೆ ಹಿಡಿದು ಮೇಲಿನಿಂದ ಕೆಳಕ್ಕೆ ಸವರುತ್ತಾನೆ. ಮೊದಲು ಎಡಗಾಲು, ಆಮೇಲೆ ಬಲಗಾಲು. ಒಂದಕ್ಕಿಂತ ಇನ್ನೊಂದು ತುಸು ಬೆಚ್ಚಗಿದೆಯೇ? ನಿನ್ನೆಗಿಂತ ಕೊಂಚ ದಪ್ಪಗಿದೆಯೇ? ಒತ್ತಿದಾಗ ಕುದುರೆ ಕಾಲೆಳೆದುಕೊಂಡಿತೇ? ಎಷ್ಟೋ ಸಲ ಕುದುರೆ ಕುಂಟುವ ಮೊದಲೇ ಕಾಲು ಬಿಸಿಯಾಗಿರುತ್ತದೆ. ಆ ಬಿಸಿ ಆ ದಿನವೇ ಕೈಗೆ ಸಿಕ್ಕಿದರೆ ಕುದುರೆಗೆ ಕೆಲವು ವಾರಗಳ ರಜೆ ಸಾಕಾಗಬಹುದು. ಸಿಗದೆ ಓಡಿಸಿಬಿಟ್ಟರೆ ಒಂದಿಡೀ ವರ್ಷ ಹೋದಂತೆ.

‘ಸೈಸ್’ ಎಂಬುದು ಬೆಂಗಳೂರಿನ ರೇಸ್‌ಕೋರ್ಸಿನಲ್ಲೂ ಬಳಕೆಯಲ್ಲಿರುವ ಮಾತು. ಮೂಲದಲ್ಲಿ ಅದು ಅರಬ್ಬಿಯ ‘ಸಾಇಸ್’, ಕುದುರೆ ನೋಡಿಕೊಳ್ಳುವವನು. ಅಲ್ಲಿಂದ ನಮ್ಮಲ್ಲಿಗೆ ಬಂದ ಪದ. ಇಂದು ದುಬೈ, ಅಬುಧಾಬಿಗಳು ಸೇರಿದ ಸಂಯುಕ್ತ ಅರಬ್ ಎಮಿರೇಟ್ಸ್‌ನ ಲಾಯಗಳಲ್ಲಿ ಆ ಕೆಲಸ ಮಾಡುವವರಲ್ಲಿ ಹೆಚ್ಚಿನವರು ಭಾರತ, ಪಾಕಿಸ್ತಾನ, ಬಾಂಗ್ಲಾದೇಶದಿಂದ ಹೋದವರು.

ಬೆರಳ ತುದಿಯ ಮೇಲೆ ಅರ್ಧ ಟನ್

ಕುದುರೆಯ ಮುಂಗಾಲಿನಲ್ಲಿ ನಾವು ಮಂಡಿ ಎನ್ನುವ ಗಂಟು ಅಂಗರಚನೆಯ ಲೆಕ್ಕದಲ್ಲಿ ನಮ್ಮ ಮಣಿಕಟ್ಟು. ಅಲ್ಲಿಂದ ಕೆಳಗಿರುವುದೆಲ್ಲ ಅಂಗೈ ಮತ್ತು ಒಂದೇ ಒಂದು ನಡುಬೆರಳು; ಗೊರಸು ಆ ಬೆರಳಿನ ಉಗುರು. ಸುಮಾರು 500 ಕಿಲೋ ತೂಗುವ ಪ್ರಾಣಿ ಬೆರಳ ತುದಿಯ ಮೇಲೆ ನಿಂತಿದೆ. ಮಂಡಿಯಿಂದ ಕೆಳಗೆ ಮಾಂಸಖಂಡವೆಂಬುದು ಇಲ್ಲವೇ ಇಲ್ಲ ಎನ್ನಬಹುದು. ಮೇಲಿನ ಸ್ನಾಯುಗಳ ಎಳೆತವನ್ನು ಕೆಳಗಿನ ಮೂಳೆಗಳಿಗೆ ಮುಟ್ಟಿಸುವುದು ಸ್ನಾಯುರಜ್ಜುಗಳು, ಅಂದರೆ ಟೆಂಡನ್‌ಗಳು. ಕಾಲಿನ ಹಿಂಬದಿಯಲ್ಲಿ ಇಂಥ ಎರಡು ಹುರಿಗಳಿವೆ: ಚರ್ಮದ ಅಡಿಯಲ್ಲೇ ಒಂದು, ಅದರ ಒಳಗೆ ಇನ್ನೊಂದು. ಅವುಗಳಿಗೂ ಒಳಗೆ, ಮೂಳೆಗೆ ಒತ್ತಿಕೊಂಡು, ಗೊರಸಿನ ಮೇಲಿನ ಕೀಲನ್ನು ತೊಟ್ಟಿಲಿನಂತೆ ತೂಗಿ ಹಿಡಿಯುವ ಅಸ್ಥಿಬಂಧವಿದೆ.

ಈ ಹುರಿ ಹಗ್ಗವೂ ಹೌದು, ಸ್ಪ್ರಿಂಗೂ ಹೌದು. ಹೆಜ್ಜೆ ನೆಲಕ್ಕೆ ಬಿದ್ದಾಗ ಹಿಗ್ಗುತ್ತದೆ, ಎದ್ದಾಗ ಆ ಶಕ್ತಿಯನ್ನು ಹಿಂತಿರುಗಿಸುತ್ತದೆ. ನಾಗಾಲೋಟದಲ್ಲಿ ಒಂದೇ ಮುಂಗಾಲಿನ ಮೇಲೆ ದೇಹತೂಕದ ಸುಮಾರು ಎರಡೂವರೆ ಪಟ್ಟು ಭಾರ ಬೀಳುತ್ತದೆ. ಆಗ ಚರ್ಮದಡಿಯ ಹುರಿ ಶೇ. 16ರವರೆಗೂ ಹಿಗ್ಗಬಲ್ಲದು. ಹರಿಯುವ ಅಂಚು ಅಲ್ಲಿಂದ ಹೆಚ್ಚು ದೂರವಿಲ್ಲ. ಹಿಗ್ಗಿ ಕುಗ್ಗುವಾಗ ಶಾಖ ಹುಟ್ಟುತ್ತದೆ. ಓಡುವ ಕುದುರೆಯ ಹುರಿಯ ಒಡಲಲ್ಲಿ 45 ಡಿಗ್ರಿ ಸೆಲ್ಸಿಯಸ್ ಅಳೆದವರಿದ್ದಾರೆ. ಅಲ್ಲಿ ಹರಿಯುವ ರಕ್ತ ಕಡಿಮೆಯಾದ್ದರಿಂದ ಆ ಬಿಸಿ ಬೇಗ ಆರುವುದಿಲ್ಲ.

ಹಾಗಾಗಿ ಸ್ನಾಯುರಜ್ಜು ಒಂದೇ ಏಟಿಗೆ ತುಂಡಾಗುವುದು ಅಪರೂಪ. ಬಾವಿಯ ಹಗ್ಗದ ಹಾಗೆ ದಿನಕ್ಕೊಂದು ಎಳೆ ಸವೆದು, ಕೊನೆಗೊಂದು ಬೆಳಗ್ಗೆ ನಡುಭಾಗದ ಎಳೆಗಳು ಕಿತ್ತುಬರುತ್ತವೆ. ಕಾಲಿನ ಹಿಂಬದಿ ಊದಿ ಬಿಲ್ಲಿನಂತೆ ಬಾಗುವುದರಿಂದ ರೇಸಿನವರು ಇದನ್ನು ‘ಬೋ’ ಅನ್ನುತ್ತಾರೆ.

ಮರಳಿನ ಓಟ, ಮರುಭೂಮಿಯ ಓಟ

ಎಮಿರೇಟ್ಸ್‌ನಲ್ಲಿ ಕುದುರೆಯ ಕಾಲಿಗೆ ಎರಡು ಬಗೆಯ ಪರೀಕ್ಷೆ. ಒಂದು ದುಬೈನ ರೇಸು. 1996ರಲ್ಲಿ ನಾದ್ ಅಲ್ ಶೆಬಾದಲ್ಲಿ ಶುರುವಾದ ದುಬೈ ವರ್ಲ್ಡ್ ಕಪ್ 2010ರಿಂದ ಮೇದಾನ್ ರೇಸ್‌ಕೋರ್ಸಿನಲ್ಲಿ ನಡೆಯುತ್ತಿದೆ. ಓಟ 2000 ಮೀಟರ್. ಮೇದಾನ್‌ನ ಮುಖ್ಯ ಟ್ರ್ಯಾಕಿಗೆ ಮೊದಲು ಹಾಸಿದ್ದು ಮೇಣ ಬೆರೆಸಿದ ಕೃತಕ ನೆಲ. 2015ರ ವರ್ಲ್ಡ್ ಕಪ್ ಹೊತ್ತಿಗೆ ಅದನ್ನು ಕಿತ್ತು ಮತ್ತೆ ಮಣ್ಣುಮರಳಿನ ಹಾದಿ ಮಾಡಿದರು. ಗೊರಸು ಎಷ್ಟು ಜಾರುತ್ತದೆ, ಎಷ್ಟು ಹೂತುಕೊಳ್ಳುತ್ತದೆ ಎಂಬುದರ ಮೇಲೆ ಹುರಿಯ ಮೇಲಿನ ಎಳೆತ ನಿಂತಿರುವುದರಿಂದ ಇಲ್ಲಿ ನೆಲದ ಮಾತೆಂದರೆ ಕಾಲಿನ ಮಾತೇ.

ಇನ್ನೊಂದು ದೂರದ ಓಟ, ಎಂಡ್ಯೂರೆನ್ಸ್. ದುಬೈನ ಸೈಹ್ ಅಲ್ ಸಲಾಂ, ಅಬುಧಾಬಿಯ ಅಲ್ ವತ್ಬಾ, ಬುತೀಬ್ ಇದರ ನೆಲೆಗಳು. ದೊಡ್ಡ ಸ್ಪರ್ಧೆಗಳಲ್ಲಿ ಒಂದೇ ದಿನ 160 ಕಿಲೋಮೀಟರ್. ಪ್ರತಿ ಹಂತದ ಕೊನೆಯಲ್ಲಿ ಪಶುವೈದ್ಯರು ನಾಡಿ ಎಣಿಸುತ್ತಾರೆ, ಕುದುರೆಯನ್ನು ಹಗ್ಗ ಹಿಡಿದು ದುಡುಕಿಯಲ್ಲಿ (ಟ್ರಾಟ್) ಓಡಿಸಿ ಹೆಜ್ಜೆ ನೋಡುತ್ತಾರೆ. ಕುಂಟಿದರೆ ಅಲ್ಲಿಗೇ ಆಟ ಮುಗಿಯಿತು. ಸ್ಪರ್ಧೆಯಿಂದ ಹೊರಬೀಳುವ ಕುದುರೆಗಳಲ್ಲಿ ಹೆಚ್ಚಿನವು ಹೊರಬೀಳುವುದು ಕುಂಟಿನಿಂದಲೇ. ಸಮತಟ್ಟಾದ ಮರಳ ಹಾದಿಯಲ್ಲಿ ಅತಿವೇಗಕ್ಕೆ ಹೋಗಿ ಕುದುರೆಗಳ ಕಾಲು ಮುರಿದದ್ದು ದೊಡ್ಡ ವಿವಾದವಾಗಿ, 2015ರ ಮಾರ್ಚ್‌ನಲ್ಲಿ ಅಂತರರಾಷ್ಟ್ರೀಯ ಒಕ್ಕೂಟವಾದ ಎಫ್‌ಇಐ ಎಮಿರೇಟ್ಸ್‌ನ ಒಕ್ಕೂಟವನ್ನು ಕೆಲವು ತಿಂಗಳು ಅಮಾನತಿನಲ್ಲಿಟ್ಟಿತು. ಅಬುಧಾಬಿಯ ಬುತೀಬ್ ಅದೇ ಮರಳಲ್ಲಿ ಬೇರೆ ದಾರಿ ತೋರಿಸಿತು. ಗಂಟೆಗೆ 20 ಕಿಲೋಮೀಟರ್ ಎಂಬ ವೇಗದ ಮಿತಿ ಹಾಕಿತು. ನಾಡಿಬಡಿತ ನಿಮಿಷಕ್ಕೆ 64ಕ್ಕೆ ಇಳಿಯಬೇಕೆಂಬ ರೂಢಿಯ ನಿಯಮದ ಬದಲು 56ಕ್ಕೆ ಇಳಿಯಬೇಕೆಂದಿತು. ಅಲ್ಲಿ ಬಹುಮಾನ ಬೇಕಿದ್ದರೆ ಕುದುರೆಯನ್ನು ಇಡಿಯಾಗಿ ಮನೆಗೆ ತರಬೇಕು.

ಕಪ್ಪು ಚುಕ್ಕೆ

ಪ್ರಾಣಿಗೊಂದು ಆಸ್ಪತ್ರೆ ಎಂಬ ನಾಡಿದು. ಅಬುಧಾಬಿಯ ಗಿಡುಗದ ಆಸ್ಪತ್ರೆ 1999ರದ್ದು, ದುಬೈನ ಒಂಟೆ ಆಸ್ಪತ್ರೆ 2017ರದ್ದು. ಕುದುರೆಗಳಿಗೆ ದುಬೈ ಈಕ್ವೈನ್ ಹಾಸ್ಪಿಟಲ್ ಇದೆ, ಶಾರ್ಜಾದಲ್ಲಿ ಇನ್ನೊಂದಿದೆ. ಕಾಲು ಬಿಸಿಯಾಗಿದೆಯೆಂದು ಸೈಸ್ ಹೇಳಿದ ಮೇಲೆ ವೈದ್ಯರ ಮೊದಲ ಉಪಕರಣ ಅಲ್ಟ್ರಾಸೌಂಡ್. ಕೂದಲು ಬೋಳಿಸಿ, ಜೆಲ್ ಸವರಿ, ಕಾಲಿನುದ್ದಕ್ಕೂ ಯಂತ್ರ ಓಡಿಸಿದರೆ ಆರೋಗ್ಯವಂತ ಹುರಿ ಒತ್ತಾದ ಬಿಳಿಬೂದು ನೇಯ್ಗೆಯಾಗಿ ಕಾಣುತ್ತದೆ. ಹರಿದ ಕಡೆ ನಟ್ಟನಡುವೆ ಒಂದು ಕಪ್ಪು ಚುಕ್ಕೆ. ಮೊದಲ ಕೆಲವು ದಿನ ಅದು ಹಿಗ್ಗುತ್ತಲೂ ಇರಬಹುದು. ಆದ್ದರಿಂದ ವಾರದ ಮೇಲೆ ಮತ್ತೆ ನೋಡಿ ಅಳತೆ ಬರೆದಿಡುತ್ತಾರೆ. ಮುಂದಿನ ಲೆಕ್ಕವೆಲ್ಲ ಆ ಚುಕ್ಕೆಯ ಮೇಲೆ.

ಮೊದಲ ದಿನಗಳ ಚಿಕಿತ್ಸೆ ಸರಳ: ತಣ್ಣೀರು, ಮಂಜುಗಡ್ಡೆ, ಬಿಗಿಯಾದ ಬ್ಯಾಂಡೇಜು, ಊತದ ಔಷಧಿ, ಲಾಯದಲ್ಲೇ ವಿಶ್ರಾಂತಿ. ಕಷ್ಟ ಆಮೇಲಿನದು. ದೇಹ ಆ ತೂತನ್ನು ಮುಚ್ಚುತ್ತದೆ, ಆದರೆ ಮೊದಲಿನ ನೂಲಿನಿಂದಲ್ಲ. ಅಡ್ಡಾದಿಡ್ಡಿ ಹೆಣೆದ, ಹಿಗ್ಗದ, ಬಿರುಸಾದ ತೇಪೆ ಅದು. ಓಡುವಾಗ ಮತ್ತೆ ಕಿತ್ತುಬರುವುದು ಬಹಳ ಸಲ ಆ ತೇಪೆಯ ಅಂಚಿನಲ್ಲೇ.

ಈ ತೇಪೆಯನ್ನು ಗಟ್ಟಿ ಮಾಡಲು ಹಿಂದೆ ಬರೆ ಹಾಕುತ್ತಿದ್ದರು. ನಮ್ಮ ಹಳ್ಳಿಗಳಲ್ಲಿ ಕಾಲು ಉಳುಕಿದ ಎತ್ತಿಗೆ ಹಾಕುತ್ತಿದ್ದದ್ದು ಇದೇ. ಅರಬರಲ್ಲೂ ಇತ್ತು, ಕೊನೆಯ ಮದ್ದು ಬರೆ ಎಂಬ ಗಾದೆಯೇ ಅವರಲ್ಲಿದೆ. ಇಂಗ್ಲೆಂಡಿನ ರೇಸ್ ಕುದುರೆಗಳಿಗೂ ತಪ್ಪಿರಲಿಲ್ಲ. 1983ರಲ್ಲಿ ಬ್ರಿಸ್ಟಲ್‌ನ ಸಂಶೋಧಕರು ಬರೆಯಿಂದ ಹುರಿಗೆ ಏನೂ ಲಾಭವಿಲ್ಲವೆಂದು ತೋರಿಸಿದರು. ಬರೆಯ ನೋವಿಗೆ ಮಾಲೀಕ ಕುದುರೆಯನ್ನು ತಿಂಗಳುಗಟ್ಟಲೆ ಓಡಿಸುತ್ತಿರಲಿಲ್ಲ. ಗುಣವೇನಾದರೂ ಕಂಡಿದ್ದರೆ ಅದು ಆ ರಜೆಯದೇ ಇರಬೇಕು.

ಈಗ ಬೆಂಕಿಯ ಜಾಗಕ್ಕೆ ಸೂಜಿ ಬಂದಿದೆ. ಕುದುರೆಯದೇ ರಕ್ತವನ್ನು ಗಿರ್ರನೆ ತಿರುಗಿಸಿ ಕಿರುಬಿಲ್ಲೆಗಳನ್ನು (ಪ್ಲೇಟ್‌ಲೆಟ್) ಬೇರ್ಪಡಿಸಿ ಆ ತೂತಿಗೆ ತುಂಬುವುದು ಒಂದು ವಿಧಾನ. ಎದೆಮೂಳೆಯ ಮಜ್ಜೆಯಿಂದ ಕಾಂಡಕೋಶ ತೆಗೆದು, ಪ್ರಯೋಗಾಲಯದಲ್ಲಿ ಬೆಳೆಸಿ ಚುಚ್ಚುವುದು ಇನ್ನೊಂದು. ಇದನ್ನು 2003ರಲ್ಲಿ ಬ್ರಿಟನ್ನಿನ ಸಂಶೋಧಕರು ಮೊದಲು ವರದಿ ಮಾಡಿದರು. 2012ರಲ್ಲಿ ಹೀಗೆ ಚಿಕಿತ್ಸೆ ಪಡೆದ 113 ರೇಸ್ ಕುದುರೆಗಳ ಲೆಕ್ಕ ಹೊರಬಂತು: ಮತ್ತೆ ಗಾಯವಾದವು ಸುಮಾರು ಶೇ. 27. ಹಳೆಯ ಪದ್ಧತಿಗಳಿಗಿಂತ ಇದು ಮೇಲು. ಹಾಗಿದ್ದರೂ ಆ ಕುದುರೆಗಳೂ ಹೆಚ್ಚುಕಡಿಮೆ ಒಂದು ವರ್ಷ ಕಾಯಲೇಬೇಕಾಗಿತ್ತು.

ನಿಮಿಷದ ಲೆಕ್ಕ

ಕಾಯುವುದೆಂದರೆ ಕಟ್ಟಿಹಾಕುವುದೆಂದು ಅರ್ಥವಲ್ಲ. ಎಳೆಗಳು ಎಳೆತದ ದಿಕ್ಕಿಗೆ ಸಾಲಾಗಬೇಕಾದರೆ ಹುರಿಗೆ ಹದವಾದ ಎಳೆತ ಸಿಗುತ್ತಲೇ ಇರಬೇಕು. ಆದ್ದರಿಂದ ದಿನಕ್ಕೆ ಹತ್ತು ನಿಮಿಷದ ನಡಿಗೆಯಿಂದ ಶುರು. ವಾರಕ್ಕೆ ಐದು ನಿಮಿಷ ಹೆಚ್ಚಳ. ಮೂರು ತಿಂಗಳ ಹೊತ್ತಿಗೆ ಮತ್ತೆ ಸ್ಕ್ಯಾನ್. ಕಪ್ಪು ಚುಕ್ಕೆ ಬೂದುಗಟ್ಟಿದ್ದರೆ ಐದು ನಿಮಿಷದ ದುಡುಕಿ. ನಾಗಾಲೋಟ ಒಂಬತ್ತರಿಂದ ಹನ್ನೆರಡು ತಿಂಗಳ ಮೇಲಿನ ಮಾತು. ದೊಡ್ಡ ಲಾಯಗಳಲ್ಲಿ ಕುದುರೆಗಳಿಗೆಂದೇ ಈಜುಕೊಳಗಳಿವೆ. ಆದರೆ ಈಜು ಗಟ್ಟಿ ಮಾಡುವುದು ಹೃದಯ, ಶ್ವಾಸಕೋಶಗಳನ್ನು. ಹುರಿಗೆ ಬೇಕಾದ್ದು ನೆಲದ ಭಾರ.

ಇಲ್ಲಿನ ಹವೆ ಈ ಲೆಕ್ಕವನ್ನು ಇನ್ನಷ್ಟು ಬಿಗಿ ಮಾಡುತ್ತದೆ. ಸ್ಪರ್ಧೆಯ ಋತು ಚಳಿಗಾಲದ್ದು, ಹೆಚ್ಚುಕಡಿಮೆ ನವೆಂಬರಿನಿಂದ ಮಾರ್ಚ್ ತನಕ. ಜನವರಿಯಲ್ಲಿ ಕಾಲು ಹೋದ ಕುದುರೆಯ ನಡಿಗೆ, ದುಡುಕಿಗಳ ಬಹುಪಾಲು ಬೀಳುವುದು ಬೇಸಿಗೆಗೆ, 40 ಡಿಗ್ರಿ ದಾಟುವ ತಿಂಗಳುಗಳಿಗೆ. ಸೂರ್ಯ ಏಳುವ ಮೊದಲೇ ಅದನ್ನು ಹೊರಗೆ ತಂದು ನಡೆಸಿ, ತಂಪು ಲಾಯಕ್ಕೆ ಸೇರಿಸಬೇಕು. ವಾರಗಟ್ಟಲೆ ಲಾಯದಲ್ಲಿದ್ದು ಕಾಲು ಕೆರೆಯುವ ಕುದುರೆ ಒಮ್ಮೆ ಜಿಗಿದರೂ ಆವರೆಗಿನ ದುಡಿಮೆ ಮಣ್ಣುಪಾಲು. ಹಗ್ಗ ಹಿಡಿದವನಿಗೆ ಅದರ ಕಿವಿಯ ಭಾಷೆ ಗೊತ್ತಿರಬೇಕು.

ಆ ಹಗ್ಗಕ್ಕೂ ಒಂದು ಇತಿಹಾಸವಿದೆ: ಈ ಕೊಲ್ಲಿಯ ಕುದುರೆಗೂ ಕನ್ನಡ ನಾಡಿಗೂ ನಂಟು ಹಳೆಯದು. ಕುದುರೆ ಹೇರಿದ ಹಡಗುಗಳು ಭಟ್ಕಳ, ಗೋವೆಗಳಿಗೆ ಬರುತ್ತಿದ್ದವು. ವಿಜಯನಗರದ ಅರಸ ವರ್ಷಕ್ಕೆ ಹದಿಮೂರು ಸಾವಿರ ಹೊರ್ಮುಜ್ ಕುದುರೆ ಕೊಳ್ಳುತ್ತಿದ್ದನೆಂದು ಪೋರ್ಚುಗೀಸ್ ವ್ಯಾಪಾರಿ ನೂನಿಜ್ ಬರೆದಿಟ್ಟಿದ್ದಾನೆ. ಬಂದ ಕುದುರೆಗೆ ವೈದ್ಯವೂ ಬೇಕಿತ್ತು. ಸುಮಾರು 1400ರ ಹೊತ್ತಿಗೆ ಅಭಿನವಚಂದ್ರ ಕನ್ನಡದಲ್ಲೇ ‘ಅಶ್ವವೈದ್ಯ’ ಬರೆದ. ಹಂಪಿಯ ಮಹಾನವಮಿ ದಿಬ್ಬದ ಕಲ್ಲಿನಲ್ಲಿ ಪರದೇಶಿಗಳು ಕುದುರೆಯನ್ನು ಹಿಡಿದು ನಡೆಸಿಕೊಂಡು ಬರುತ್ತಿದ್ದಾರೆ. ಈಗ ಭಟ್ಕಳದವರೇ ಅತ್ತ ದುಬೈಗೆ ದುಡಿಯಲು ಹೋಗುತ್ತಾರೆ. ಅಲ್ಲಿನ ಲಾಯಗಳಲ್ಲಿ ಹಗ್ಗ ಹಿಡಿದಿರುವುದು ಇತ್ತಲಿನ ಕೈ.

ಬ್ಯಾಂಡೇಜು ಬಿಚ್ಚಿ, ಕಾಲು ಸವರಿ, ಸೈಸ್ ಕುದುರೆಯನ್ನು ಹೊರಗೆ ತರುತ್ತಾನೆ. ಇವತ್ತು ಮೂವತ್ತು ನಿಮಿಷ. ಬರುವ ವಾರ ಮೂವತ್ತೈದು.