ಪಕ್ಕದ ನಾಡಿನ ದೆವ್ವ, ನಮ್ಮ ರಾಜ

ಈ ದೆವ್ವಕ್ಕೆ ತಾನಿರುವ ಊರಿನ ಭಾಷೆ ಒಗ್ಗುವುದೇ ಇಲ್ಲ. ಮಲಯಾಳದ ‘ಮಣಿಚಿತ್ರತ್ತಾಳ್’ (1993) ಚಿತ್ರದಲ್ಲಿ ಅದು ತಮಿಳಿನಲ್ಲಿ ಹಾಡಿತು. ಕನ್ನಡದ ‘ಆಪ್ತಮಿತ್ರ’ಕ್ಕೆ (2004) ಬಂದಾಗ ತೆಲುಗು, ತಮಿಳಿನ ‘ಚಂದ್ರಮುಖಿ’ಯಲ್ಲೂ (2005) ತೆಲುಗೇ. ಹಿಂದಿಯ ‘ಭೂಲ್ ಭುಲಯ್ಯಾ’ (2007) ಹೊತ್ತಿಗೆ ಬಂಗಾಳಿ. ಹೆದರಿಸುವವಳು ಸದಾ ಪರನಾಡಿನವಳು!

ಹೇಮಗುಡ್ಡದ ಕೋಟೆ ಇಳಿದು ಗಂಗಾವತಿಯ ಭತ್ತದ ಗದ್ದೆಗಳ ಕಡೆ ಬಂದರೆ ಈ ಉಪಾಯ ಅಷ್ಟು ಸಲೀಸಲ್ಲ. ತುಂಗಭದ್ರೆಯ ಎಡದಂಡೆ ಕಾಲುವೆಯ ನೀರು ನಂಬಿ ಬಂದ ಆಂಧ್ರದ ರೈತರ ಕ್ಯಾಂಪುಗಳು ಇಲ್ಲಿ ಸಾಲುಸಾಲಾಗಿವೆ. ಮಲೆನಾಡಿನವರಿಗೆ ‘ಆಪ್ತಮಿತ್ರ’ದ ದೆವ್ವ ನಾಗವಲ್ಲಿ ಎಲ್ಲಿಂದಲೋ ಬಂದವಳು. ಈ ಸೀಮೆಯವರಿಗೆ ಆಕೆಯ ತೆಲುಗು ಸಂತೆಯ ಮಾತು. ಆದರೂ ಅಂಜಿಕೆ ಕಡಿಮೆಯಾಗದು. ಇಲ್ಲಿನ ಬಯಲಾಟವಾದ ದೊಡ್ಡಾಟದಲ್ಲೂ ರಕ್ಕಸ ಕುಣಿಯುತ್ತಲೇ ಬರುತ್ತಾನೆ, ಸಾರಥಿ ಅವನೆದುರೇ ಜನರನ್ನು ನಗಿಸುತ್ತಾನೆ. ಭಯ, ನಗೆ, ಹಾಡು ಮೂರನ್ನೂ ಒಂದೇ ರಾತ್ರಿ ಉಂಡವರು ಇವರು.

ಫಾಜಿಲ್ ನಿರ್ದೇಶಿಸಿದ ಮೂಲ ಚಿತ್ರದ ಕತೆ ಮಧು ಮುಟ್ಟಂ ಅವರದು. ಅಲ್ಲಿ ಶೋಭನಾ ಜೊತೆ ಕುಣಿದವರು ‘ಅಮೃತ ಘಳಿಗೆ’ಯ ನಮ್ಮ ಶ್ರೀಧರ್.

ಆಮೇಲೆ ಹನ್ನೊಂದು ವರ್ಷ ಕನ್ನಡ ಸುಮ್ಮನಿತ್ತು. ಕಡೆಗೆ ‘ಆಪ್ತಮಿತ್ರ’ಕ್ಕೆ ಕೈಹಾಕಿದವರು ದ್ವಾರಕೀಶ್. 1969ರಲ್ಲಿ ‘ಮೇಯರ್ ಮುತ್ತಣ್ಣ’ ನಿರ್ಮಿಸಿದ್ದ ಈ ಹಾಸ್ಯನಟನಿಗೆ ಆಗ ಸಾಲ ಕುತ್ತಿಗೆಗೆ ಬಂದಿತ್ತು. ‘ಕಳ್ಳ ಕುಳ್ಳ’ದ (1975) ಜೋಡಿ ವಿಷ್ಣುವರ್ಧನ್ ಜೊತೆಗಿನ ಮುನಿಸಂತೂ ಗಾಂಧಿನಗರಕ್ಕೆಲ್ಲ ಗೊತ್ತಿದ್ದ ವಿಚಾರ. ಆದರೂ ಆ ಗೆಳೆಯನೇ ನಾಯಕನಾಗಿ ಬಂದರು. ಚಿತ್ರ ಓಡಿತು, ದ್ವಾರಕೀಶ್ ಉಳಿದುಕೊಂಡರು.

ನಿರ್ದೇಶಕ ಪಿ. ವಾಸು ಇಲ್ಲಿ ಒಂದು ಹೊಸ ಪಟ್ಟು ಹಾಕಿದ್ದರು. ಮೂಲದಲ್ಲಿ ಮನೋವೈದ್ಯನ ಪಾತ್ರ ಮಾಡಿದ ನಟ ದೆವ್ವದ ಹಳೆಯ ಕತೆಯ ಕ್ರೂರ ಯಜಮಾನನ ಪಾತ್ರವನ್ನೂ ಮಾಡಿರಲಿಲ್ಲ. ಇಲ್ಲಿ ತಮಾಷೆಯ ವೈದ್ಯನೂ ವಿಷ್ಣುವೇ, ತಲೆ ಕಡಿಸುವ ರಾಜನೂ ವಿಷ್ಣುವೇ. ‘ಹೌಲಾ ಹೌಲಾ’ ಎಂದು ಆ ರಾಜ ಗತ್ತು ತೋರಿಸಿದರೆ ಮೈ ನಡುಗುವ ಮೊದಲೇ ಶಿಳ್ಳೆ ಬೀಳುತ್ತಿತ್ತು. ಗುರುಕಿರಣ್ ಸಂಗೀತಕ್ಕೆ ನಾಗವಲ್ಲಿಯಾಗಿ ಕುಣಿದ ಸೌಂದರ್ಯ, ಬಿಡುಗಡೆಗೆ ನಾಲ್ಕು ತಿಂಗಳ ಮೊದಲೇ, 2004ರ ಏಪ್ರಿಲ್ 17ರಂದು ವಿಮಾನ ದುರಂತದಲ್ಲಿ ತೀರಿಕೊಂಡಿದ್ದರು. ಸತ್ತವಳ ಪಾತ್ರದಲ್ಲಿ ಇಲ್ಲವಾದ ನಟಿಯನ್ನು ನೋಡುವ ಸಂಕಟ ಬೇರೆ ಯಾವ ಭಾಷೆಯ ಪ್ರೇಕ್ಷಕರಿಗೂ ಬರಲಿಲ್ಲ.

ಮರುವರ್ಷ ಅದೇ ವಾಸು ಅದೇ ರಾಜನನ್ನು ಚೆನ್ನೈಗೆ ಕರೆದೊಯ್ದರು. ರಜನೀಕಾಂತ್ ಬಾಯಲ್ಲಿ ‘ಹೌಲಾ’ ಹೋಗಿ ‘ಲಕಲಕ’ ಬಂತು; ದೇಶ ನೆನಪಿಟ್ಟುಕೊಂಡಿದ್ದು ಅದನ್ನೇ. ವಿಷ್ಣುವಿನ ಇನ್ನೂರನೇ ಚಿತ್ರ ‘ಆಪ್ತರಕ್ಷಕ’ದಲ್ಲಿ ರಾಜ ಮತ್ತೆ ಗರ್ಜಿಸಿದ. ಅದು ತೆರೆಕಂಡಿದ್ದು 2010ರ ಫೆಬ್ರುವರಿಯಲ್ಲಿ, ನಟ ತೀರಿಕೊಂಡ ಏಳೇ ವಾರಕ್ಕೆ. 2024ರಲ್ಲಿ ದ್ವಾರಕೀಶ್ ಕೂಡ ಹೋದರು. ಅದೇ ವರ್ಷ ಹಿಂದಿಯವರು ‘ಭೂಲ್ ಭುಲಯ್ಯಾ’ದ ಮೂರನೇ ಭಾಗ ತೆರೆಗೆ ತಂದರು.