ಟಾರ್ಜಾನನ ಜನಕ ಬಿಟ್ಟುಕೊಡದ ಹಕ್ಕು

ಟಾರ್ಜಾನ್ ಹೆಸರನ್ನು ಕೇಳದವರು ವಿರಳ. ಆದರೆ ಅವನನ್ನು ಸೃಷ್ಟಿಸಿದ ಅಮೆರಿಕದ ಲೇಖಕ ಎಡ್ಗರ್ ರೈಸ್ ಬರೋಸ್ ಅವರನ್ನು ಬಲ್ಲವರು ಕಡಿಮೆ. ಬರಹಗಾರ ತನ್ನ ಕೃತಿಯ ಹಕ್ಕನ್ನು ಏಕೆ ಉಳಿಸಿಕೊಳ್ಳಬೇಕು ಎಂಬುದಕ್ಕೆ ಅವರ ವೃತ್ತಿಜೀವನವೇ ನಿದರ್ಶನ.

1875ರಲ್ಲಿ ಷಿಕಾಗೊ ನಗರದಲ್ಲಿ ಜನಿಸಿದ ಬರೋಸ್, ಸೈನಿಕ, ದನಗಾಹಿ, ರೈಲ್ವೆ ಪೊಲೀಸ್ ಹೀಗೆ ನಾನಾ ಕೆಲಸ ಮಾಡಿದರೂ ಎಲ್ಲಿಯೂ ನೆಲೆ ಕಾಣಲಿಲ್ಲ. 1911ರಲ್ಲಿ ಪೆನ್ಸಿಲ್ ಶಾರ್ಪ್‌ನರ್‌ಗಳ ಮಾರಾಟ ನೋಡಿಕೊಳ್ಳುತ್ತಿದ್ದಾಗ, ಬಿಡುವಿನಲ್ಲಿ ಮಂಗಳ ಗ್ರಹದ ಸಾಹಸಕಥೆಯೊಂದನ್ನು ಬರೆದರು. 'ಆಲ್-ಸ್ಟೋರಿ' ಪತ್ರಿಕೆ ಅದಕ್ಕೆ 400 ಡಾಲರ್ ಸಂಭಾವನೆ ನೀಡಿ, 1912ರ ಫೆಬ್ರವರಿಯಿಂದ ಧಾರಾವಾಹಿಯಾಗಿ ಪ್ರಕಟಿಸಿತು. ಅದೇ ವರ್ಷದ ಅಕ್ಟೋಬರ್ ಸಂಚಿಕೆಯಲ್ಲಿ ಟಾರ್ಜಾನ್ ಅವತರಿಸಿದ. ಸಂಭಾವನೆ 700 ಡಾಲರ್.

ಅಗ್ಗದ ಒರಟು ಕಾಗದದಲ್ಲಿ ಅಚ್ಚಾಗುತ್ತಿದ್ದ ಇಂತಹ ಪತ್ರಿಕೆಗಳನ್ನು 'ಪಲ್ಪ್' ಎಂದು ಕರೆಯುತ್ತಿದ್ದರು. ಅವುಗಳ ಲೇಖಕರು ಸಾಮಾನ್ಯವಾಗಿ ಪದಗಳ ಎಣಿಕೆಯ ಮೇಲೆ ಹಣ ಪಡೆದು, ಮುಂದಿನ ಕಥೆಗೆ ಕೈಹಾಕುತ್ತಿದ್ದರು. ಬರೋಸ್ ಮಾತ್ರ ಟಾರ್ಜಾನ್ ಕಥೆಯನ್ನು ಪತ್ರಿಕೆಯಲ್ಲಿ ಪ್ರಕಟಿಸುವ ಹಕ್ಕನ್ನಷ್ಟೇ ಮಾರಿ, ಉಳಿದ ಹಕ್ಕುಗಳನ್ನು ತಮ್ಮಲ್ಲೇ ಇರಿಸಿಕೊಂಡರು. ಹಲವು ಪ್ರಕಾಶಕರು ತಿರಸ್ಕರಿಸಿದ ಕೃತಿ 1914ರಲ್ಲಿ ಪುಸ್ತಕವಾಯಿತು, 1918ರಲ್ಲಿ ಮೂಕಿಚಿತ್ರವಾಯಿತು. 1923ರಲ್ಲಿ ಅವರು ತಮ್ಮದೇ ಹೆಸರಿನ ಸಂಸ್ಥೆ ಕಟ್ಟಿದರು. ಲಾಸ್ ಏಂಜಲೀಸ್‌ನಲ್ಲಿ ಅವರ ಜಮೀನಿದ್ದ ಪ್ರದೇಶಕ್ಕೆ ಇಂದಿಗೂ ಟಾರ್ಜಾನಾ ಎಂದೇ ಹೆಸರು. ಇದಕ್ಕೆ ವ್ಯತಿರಿಕ್ತವಾಗಿ, 1938ರಲ್ಲಿ ಸೂಪರ್‌ಮ್ಯಾನ್‌ನ ಹಕ್ಕನ್ನು 130 ಡಾಲರ್‌ಗೆ ಬಿಟ್ಟುಕೊಟ್ಟ ಜೆರ್ರಿ ಸೀಗಲ್ ಮತ್ತು ಜೋ ಶೂಸ್ಟರ್ ದಶಕಗಳ ಕಾಲ ಹೋರಾಡಬೇಕಾಯಿತು.

ಬರೋಸ್ ಬರವಣಿಗೆಯಲ್ಲಿ ದೋಷಗಳಿಲ್ಲದಿಲ್ಲ. ಆಫ್ರಿಕವನ್ನು ಕಾಣದೆಯೇ ಬರೆದ ಅವರು, ಪತ್ರಿಕೆಯ ಆವೃತ್ತಿಯಲ್ಲಿ ಅಲ್ಲಿನ ಕಾಡಿಗೆ ಹುಲಿಯನ್ನು ಬಿಟ್ಟಿದ್ದರು. ಪುಸ್ತಕದಲ್ಲಿ ಅದು ಸಿಂಹಿಣಿಯಾಯಿತು. ಕಪ್ಪುಜನರ ಚಿತ್ರಣದಲ್ಲಿರುವ ತಾತ್ಸಾರವನ್ನು ಮಾತ್ರ ಅಷ್ಟು ಸುಲಭವಾಗಿ ತಿದ್ದಲಾಗದು. ಇಂದಿನ ವಿಮರ್ಶಕರು ಅದನ್ನು ಎತ್ತಿ ತೋರಿಸುತ್ತಿರುವುದು ನ್ಯಾಯವೇ ಆಗಿದೆ.

1941ರಲ್ಲಿ ಪರ್ಲ್ ಹಾರ್ಬರ್ ದಾಳಿ ನಡೆದಾಗ ಹವಾಯಿಯಲ್ಲಿದ್ದ ಬರೋಸ್, ಇಳಿವಯಸ್ಸಿನಲ್ಲೂ ಯುದ್ಧ ವರದಿಗಾರರಾಗಿ ದುಡಿದರು. 1950ರಲ್ಲಿ ನಿಧನರಾದರು. ಅವರ ಕಥೆಗಳನ್ನು ಶ್ರೇಷ್ಠ ಸಾಹಿತ್ಯವೆಂದು ಒಪ್ಪದವರೂ ಒಂದು ಮಾತನ್ನು ಒಪ್ಪಬೇಕು: ಕಥೆ ಬರೆದವನಿಗೆ ಅದರ ಫಲವೂ ದಕ್ಕಬೇಕೆಂಬುದನ್ನು ಅವರು ಬಹುಬೇಗ ಅರಿತಿದ್ದರು.