ಜನಾಂಗಹತ್ಯೆಯ ನಂತರದ ಧರ್ಮ: ಯಾವ್ನೆಯಿಂದ ಮುಂಡಗೋಡದವರೆಗೆ

ಒಂದು ಸಮುದಾಯವನ್ನು ಬುಡಸಮೇತ ಇಲ್ಲವಾಗಿಸುವ ಉದ್ದೇಶದಿಂದ ನಡೆಸುವ ಕೃತ್ಯಕ್ಕೆ ಜನಾಂಗಹತ್ಯೆ ಎಂಬ ಪ್ರತ್ಯೇಕ ಹೆಸರು ಬಂದದ್ದು 1944ರಲ್ಲಿ, ಪೋಲೆಂಡಿನ ಯಹೂದಿ ವಕೀಲ ರಾಫೆಲ್ ಲೆಮ್ಕಿನ್ ಅವರಿಂದ. 1948ರಲ್ಲಿ ವಿಶ್ವಸಂಸ್ಥೆ ಅದನ್ನು ಅಪರಾಧವೆಂದು ಒಪ್ಪಂದದಲ್ಲಿ ದಾಖಲಿಸಿದಾಗ ಧಾರ್ಮಿಕ ಸಮುದಾಯಗಳನ್ನೂ ಅದರ ವ್ಯಾಪ್ತಿಗೆ ತಂದಿತು. ಈ ಸೇರ್ಪಡೆಗೆ ಕರ್ನಾಟಕದೊಂದಿಗೆ ಸಂಬಂಧವಿದೆ. ಅಂತರರಾಷ್ಟ್ರೀಯ ನ್ಯಾಯವಾದಿಗಳ ಆಯೋಗಕ್ಕಾಗಿ ಭಾರತದ ವಕೀಲ ಪುರುಷೋತ್ತಮ ತ್ರಿಕಮದಾಸರ ನೇತೃತ್ವದ ಸಮಿತಿ 1960ರಲ್ಲಿ ಕೊಟ್ಟ ವರದಿ, ಚೀನಾದ ಆಡಳಿತದಲ್ಲಿ ಟಿಬೆಟಿಯನ್ನರನ್ನು ಒಂದು ಧಾರ್ಮಿಕ ಸಮುದಾಯವಾಗಿ ನಾಶಮಾಡುವ ಕೃತ್ಯಗಳು ನಡೆದಿವೆ ಎಂದಿತಲ್ಲದೆ, ಜನಾಂಗವಾಗಿ ಅವರನ್ನು ಅಳಿಸಲಾಗುತ್ತಿದೆ ಎನ್ನಲು ಸಾಕ್ಷ್ಯ ಸಾಲದು ಎಂದೂ ಸ್ಪಷ್ಟಪಡಿಸಿತು. ಚೀನಾ ಈ ಆರೋಪವನ್ನು ಒಪ್ಪಿಲ್ಲ. ಹಾಗೆ ದಿಕ್ಕೆಟ್ಟ ಧರ್ಮದ ಮೂರು ಮಹಾವಿಹಾರಗಳು ಇಂದು ಬೈಲಕುಪ್ಪೆ ಮತ್ತು ಮುಂಡಗೋಡದಲ್ಲಿವೆ. ಅರವತ್ತು ಲಕ್ಷ ಯಹೂದಿಗಳನ್ನು ನಾಜಿಗಳು ಕೊಂದ ಘಟನೆಯೊಡನೆ ಟಿಬೆಟಿನ ದುರಂತವನ್ನು ತೂಗಿ ನೋಡುವುದು ಸರಿಯಲ್ಲವಾದರೂ, ದುರಂತದ ಮಾರನೆಯ ದಿನ ಧರ್ಮ ಏನು ಮಾಡುತ್ತದೆ ಎಂಬ ಪ್ರಶ್ನೆಯಲ್ಲಿ ಯಹೂದಿಗಳೂ ಟಿಬೆಟಿಯನ್ನರೂ ನೆರೆಹೊರೆಯವರು.

ಯಹೂದಿ ಧರ್ಮದ ತಳಹದಿ ಒಂದು ಒಡಂಬಡಿಕೆ: ದೇವರ ಆಜ್ಞೆಗಳನ್ನು ಜನ ಪಾಲಿಸಬೇಕು, ದೇವರು ಜನರನ್ನು ಕಾಯಬೇಕು. ನಾಜಿಗಳ ಆಶ್ವಿಟ್ಸ್ ಶಿಬಿರದ ಅನಿಲಕೋಣೆಗಳಲ್ಲಿ ಮುರಿದುಬಿದ್ದದ್ದು ಈ ಒಡಂಬಡಿಕೆಯ ಎರಡನೆಯ ಅರ್ಧ. ಚರಿತ್ರೆಯನ್ನು ನಡೆಸುವ ದೇವರಲ್ಲಿ ಇನ್ನು ನಂಬಿಕೆ ಸಾಧ್ಯವಿಲ್ಲ ಎಂದು ಯಹೂದಿ ಚಿಂತಕ ರಿಚರ್ಡ್ ರೂಬೆನ್‌ಸ್ಟೈನ್ 1966ರಲ್ಲಿ ಬರೆದರು. ಪರಂಪರೆಯ 613 ಆಜ್ಞೆಗಳಿಗೆ ಎಮಿಲ್ ಫಾಕೆನ್‌ಹೈಮ್ 614ನೆಯದನ್ನು ಸೇರಿಸಿ, ಯಹೂದಿಗಳು ಯಹೂದಿಗಳಾಗಿಯೇ ಉಳಿಯಬೇಕು, ಇಲ್ಲವಾದರೆ ಸತ್ತ ಹಿಟ್ಲರನಿಗೆ ಗೆಲುವು ಸಿಕ್ಕಂತೆ ಎಂದು ವಾದಿಸಿದರು. ಮನುಷ್ಯನಿಗೆ ಸ್ವಾತಂತ್ರ್ಯ ಇರಬೇಕಾದರೆ ದೇವರು ಕೆಲವೊಮ್ಮೆ ಮುಖ ಮರೆಮಾಡಿಕೊಳ್ಳುತ್ತಾನೆ ಎಂಬ ಹಳೆಯ ವಿಚಾರವನ್ನು ಮತ್ತೆ ಕೈಗೆತ್ತಿಕೊಂಡ ಎಲಿಯೆಜರ್ ಬರ್ಕೊವಿಟ್ಸ್, ಆ ಶಿಬಿರಗಳಲ್ಲಿ ನಂಬಿಕೆ ಉಳಿಸಿಕೊಂಡವರ ಮೇಲಾಗಲಿ ಕಳೆದುಕೊಂಡವರ ಮೇಲಾಗಲಿ ತೀರ್ಪು ಕೊಡುವ ಹಕ್ಕು ಅಲ್ಲಿ ಇಲ್ಲದವರಿಗೆ ಇಲ್ಲವೆಂದೂ ಹೇಳಿದರು. ಇಡೀ ಚರ್ಚೆಯಲ್ಲಿ ಇದಕ್ಕಿಂತ ಪ್ರಾಮಾಣಿಕವಾದ ಮಾತು ಸಿಗುವುದು ಕಷ್ಟ.

ಈ ಚಿಂತಕರ ಬರಹಗಳಿಗಿಂತ ಮೊದಲೇ, ದುರಂತದ ನಡುವೆಯೇ ನಡೆದ ಚಿಂತನೆಯೂ ಇದೆ. ಲಿಥುವೇನಿಯಾದ ಕೋವ್ನೊ ನಗರದಲ್ಲಿ ಯಹೂದಿಗಳನ್ನು ಬೇಲಿಯೊಳಗೆ ಕೂಡಿಹಾಕಿದ್ದಾಗ, ತಮ್ಮನ್ನು ದಾಸರನ್ನಾಗಿ ಮಾಡದ ದೇವರಿಗೆ ವಂದನೆ ಸಲ್ಲಿಸುವ ದಿನನಿತ್ಯದ ಬೆಳಗಿನ ಪ್ರಾರ್ಥನೆಯನ್ನು ಜೀತಕ್ಕೆ ಬಿದ್ದವರು ಹೇಳಬಹುದೇ ಎಂಬ ಪ್ರಶ್ನೆ ಯುವ ರಬ್ಬಿ, ಅಂದರೆ ಧರ್ಮಪಂಡಿತ, ಎಫ್ರಾಯಿಮ್ ಓಶ್ರಿ ಅವರ ಮುಂದೆ ಬಂತು. ಹೇಳಲೇಬೇಕು, ದೇಹ ಸೆರೆಯಲ್ಲಿದ್ದರೂ ತಾವು ದಾಸರಲ್ಲ ಎಂಬುದು ಅದರಿಂದ ನೆನಪಿರುತ್ತದೆ ಎಂದು ಅವರು ತೀರ್ಪಿತ್ತರು. ಇಂಥ ಪ್ರಶ್ನೋತ್ತರಗಳನ್ನು ಅವರು ಸಿಮೆಂಟ್ ಚೀಲದಿಂದ ಹರಿದ ಕಾಗದದ ಚೂರುಗಳಲ್ಲಿ ಬರೆದು, ಡಬ್ಬಿಗಳಲ್ಲಿ ತುಂಬಿ ನೆಲದಲ್ಲಿ ಹುಗಿದಿಟ್ಟು, ಯುದ್ಧ ಮುಗಿದ ಮೇಲೆ ಅಗೆದು ತೆಗೆದರು. ದೇವರು ಏಕೆ ಸುಮ್ಮನಿದ್ದ ಎಂಬುದಕ್ಕೆ ಅವುಗಳಲ್ಲಿ ಸಿದ್ಧ ಉತ್ತರವಿಲ್ಲ. ಶಾಸ್ತ್ರದ ಪ್ರಕಾರ ಈಗ ಏನು ಮಾಡಬೇಕು ಎಂಬುದರ ವಿಚಾರಣೆ ಇದೆ.

ಯಹೂದಿಗಳ ಮಟ್ಟಿಗೆ ಇದು ಹಳೆಯ ದಾರಿ. ಕ್ರಿ.ಶ. 70ರಲ್ಲಿ ರೋಮನ್ ಸೈನ್ಯ ಜೆರುಸಲೇಮಿನ ದೇವಾಲಯವನ್ನು ಸುಟ್ಟಿತು. ಆ ಮುತ್ತಿಗೆಯಿಂದ ತಪ್ಪಿಸಿಕೊಂಡ ಯೋಹಾನನ್ ಬೆನ್ ಝಕ್ಕಾಯ್ ಎಂಬ ಪಂಡಿತ ರೋಮನ್ ಸೇನಾಪತಿಯಿಂದ ಬೇಡಿ ಪಡೆದದ್ದು ಯಾವ್ನೆ ಎಂಬ ಊರನ್ನೂ ಅಲ್ಲಿನ ವಿದ್ವಾಂಸರನ್ನೂ ಎಂದು ಐತಿಹ್ಯ ಹೇಳುತ್ತದೆ. ಬಲಿಪೀಠದ ಧರ್ಮ ಅಲ್ಲಿಂದ ಮುಂದೆ ಪಾಠಶಾಲೆಯ ಧರ್ಮವಾಯಿತು. ಎರಡನೆಯ ಮಹಾಯುದ್ಧದ ಕಾಲದಲ್ಲೂ ಮೀರ್ ಎಂಬ ಊರಿನ ಯೆಶಿವಾ, ಅಂದರೆ ಶಾಸ್ತ್ರಾಧ್ಯಯನದ ಗುರುಕುಲ, ಲಿಥುವೇನಿಯಾದಿಂದ ಜಪಾನಿಗೂ ಅಲ್ಲಿಂದ ಶಾಂಘೈಗೂ ಓಡಿ ಉಳಿದುಕೊಂಡು, ಕೊನೆಗೆ ಅಮೆರಿಕ ಮತ್ತು ಜೆರುಸಲೇಮುಗಳಲ್ಲಿ ಅದೇ ಹೆಸರಿನಿಂದ ಬೇರೂರಿತು. ಮೀರ್‌ನಲ್ಲಿ ಯಹೂದಿಗಳು ಉಳಿಯಲಿಲ್ಲ, ಆದರೆ ಆ ಹೆಸರಿನಲ್ಲಿ ಪಾಠ ನಿಂತಿಲ್ಲ.

ಸೇರಾ, ಡ್ರೆಪುಂಗ್, ಗಾಂದೆನ್ ಎಂಬ ಟಿಬೆಟಿನ ಹೆಸರುಗಳು ಕನ್ನಡ ನೆಲಕ್ಕೆ ಬಂದ ರೀತಿಯೂ ಹೀಗೆಯೇ. ಲ್ಹಾಸಾ ಸುತ್ತಲಿನ ಈ ವಿಹಾರಗಳಲ್ಲಿ ಸಾಂಪ್ರದಾಯಿಕ ಲೆಕ್ಕದಂತೆ ಕ್ರಮವಾಗಿ 5,500, 7,700 ಮತ್ತು 3,300 ಭಿಕ್ಷುಗಳಿದ್ದರು. 1959ರಲ್ಲಿ ದಲೈ ಲಾಮಾ ಅವರ ಹಿಂದೆಯೇ ಭಾರತಕ್ಕೆ ಬಂದವರಲ್ಲಿ ಸುಮಾರು 1,500 ಭಿಕ್ಷುಗಳನ್ನು ಬಂಗಾಳದ ಬಕ್ಸಾ ಕೋಟೆಯಲ್ಲಿ, ಬ್ರಿಟಿಷರು ಸ್ವಾತಂತ್ರ್ಯ ಹೋರಾಟಗಾರರನ್ನು ಬಂಧಿಸಿಡುತ್ತಿದ್ದ ಜಾಗದಲ್ಲಿ ಇರಿಸಲಾಯಿತು. ಅಲ್ಲಿನ ಸೆಕೆಯಲ್ಲಿ ಹಲವರು ಕ್ಷಯಕ್ಕೆ ಬಲಿಯಾದರೂ ಪಾಠ ಮುಂದುವರಿಯಿತು. ಮೈಸೂರು ರಾಜ್ಯ ಬೈಲಕುಪ್ಪೆಯಲ್ಲಿ ನಿರಾಶ್ರಿತರಿಗೆ ಭೂಮಿ ಕೊಟ್ಟದ್ದು 1960ರಲ್ಲಿ. ಆಗ ಮುಖ್ಯಮಂತ್ರಿಯಾಗಿದ್ದವರು ಸಾವಳಗಿಯ ಬಿ.ಡಿ. ಜತ್ತಿ. 1966ರಲ್ಲಿ ಮುಂಡಗೋಡದ ವಸತಿ ಶುರುವಾಯಿತು. ದಶಕದ ಕೊನೆಗೆ ಬಕ್ಸಾದ ಭಿಕ್ಷುಗಳಲ್ಲಿ ಸೇರಾದವರು ಬೈಲಕುಪ್ಪೆಗೂ ಉಳಿದೆರಡು ವಿಹಾರಗಳವರು ಮುಂಡಗೋಡಕ್ಕೂ ಬಂದು, ಹಗಲು ಕಾಡು ಕಡಿದು ಗೋವಿನಜೋಳ ಬಿತ್ತಿ, ಸಂಜೆ ಶಾಸ್ತ್ರಕ್ಕೆ ಕುಳಿತರು. ಚಳಿಗಾಲದಲ್ಲಿ ಸ್ವೆಟರ್ ಮಾರುವವರೆಂದಷ್ಟೇ ಟಿಬೆಟಿಯನ್ನರನ್ನು ಬಲ್ಲ ಉತ್ತರ ಕರ್ನಾಟಕಕ್ಕೆ ಈ ಇನ್ನೊಂದು ಮುಖ ಅಷ್ಟಾಗಿ ಪರಿಚಯವಿಲ್ಲ.

ಈ ಭಿಕ್ಷುಗಳ ಅಧ್ಯಯನದ ಜೀವಾಳ ತರ್ಕ. ವಿಹಾರದ ಅಂಗಳದಲ್ಲಿ ಉತ್ತರ ಹೇಳುವವನು ಕುಳಿತಿರುತ್ತಾನೆ, ಪ್ರಶ್ನಿಸುವವನು ನಿಂತಿರುತ್ತಾನೆ. ಪ್ರಜ್ಞೆಯ ಬೋಧಿಸತ್ವ ಮಂಜುಶ್ರೀಯ ಬೀಜಾಕ್ಷರವಾದ ‘ಧೀಃ’ಯಿಂದ ವಾದ ತೊಡಗುತ್ತದೆ. ನಿಂತವನು ಪ್ರಶ್ನೆ ಮುಗಿಸುತ್ತಲೇ ಬಲಗೈ ಎತ್ತಿ, ಎಡಗಾಲನ್ನು ನೆಲಕ್ಕೆ ಅಪ್ಪಳಿಸಿ, ಎಡ ಅಂಗೈಯ ಮೇಲೆ ಬಲ ಅಂಗೈಯನ್ನು ಚಟ್ಟನೆ ಬಡಿಯುತ್ತಾನೆ. ಮುಂದೆ ಚಾಚಿದ ಎಡಗೈ ದುರ್ಗತಿಯ ಬಾಗಿಲನ್ನು ಮುಚ್ಚುತ್ತದೆ, ಹಿಂದಕ್ಕೆಳೆದ ಬಲಗೈ ಜೀವಿಗಳನ್ನು ಮೇಲೆತ್ತುತ್ತದೆ ಎಂಬುದು ಸಂಕೇತ. ವಾದದ ಆಧಾರಗ್ರಂಥಗಳಲ್ಲಿ ಮುಖ್ಯವಾದುದು ಭಾರತದ ಬೌದ್ಧ ತಾರ್ಕಿಕ ಧರ್ಮಕೀರ್ತಿಯ ಪ್ರಮಾಣವಾರ್ತಿಕ. ಭಾರತದ ತರ್ಕಶಾಸ್ತ್ರ ಹೀಗೆ ಟಿಬೆಟಿಯನ್ ಭಾಷೆಯಲ್ಲಿ ತವರಿಗೆ ಮರಳಿದೆ. ಗೆಶೆ ಎಂಬ ಪದವಿಗೆ ಸುಮಾರು ಎರಡು ದಶಕಗಳ ಓದು ಬೇಕು. ಯೆಶಿವಾಗಳಲ್ಲಿಯೂ ಇಬ್ಬಿಬ್ಬರು ಎದುರುಬದುರು ಕುಳಿತು ಏರುದನಿಯಲ್ಲಿ ವಾದಿಸುತ್ತಲೇ ತಾಲ್ಮುದ್ ಗ್ರಂಥವನ್ನು ಓದುತ್ತಾರೆ.

ಬೌದ್ಧರಿಗೆ ಸೃಷ್ಟಿಕರ್ತನಿಲ್ಲದ ಕಾರಣ ದೇವರನ್ನು ಕಟಕಟೆಗೆ ತರುವ ಸಂದರ್ಭವೂ ಇಲ್ಲ. ದುರಂತಕ್ಕೆ ಅವರು ಹಿಂದಿನ ಸಾಮೂಹಿಕ ಕರ್ಮವನ್ನು ಕಾರಣವಾಗಿ ಹೇಳುವುದುಂಟು. ಯಹೂದಿಗಳಲ್ಲಿಯೂ ಸತ್ಮರ್ ಪಂಥದ ರಬ್ಬಿ ಯೋಯೆಲ್ ಟೈಟಲ್‌ಬೌಮ್ ಅವರಂಥವರು ಹತ್ಯಾಕಾಂಡವನ್ನು ಪಾಪದ ಫಲವೆಂದರು. ಸತ್ತ ಮಕ್ಕಳ ಮುಂದೆ ಇವೆರಡೂ ನಿಲ್ಲುವ ಉತ್ತರಗಳಲ್ಲ. ಟಿಬೆಟಿಯನ್ ಚಿಂತನೆಯ ಸತ್ವ ಇರುವುದು ಬೇರೆಡೆ: ಚೀನಾದ ಸೆರೆಯಲ್ಲಿ ವರ್ಷಗಟ್ಟಲೆ ಕಳೆದು ಬಂದ ಒಬ್ಬ ಭಿಕ್ಷು, ತನಗೆ ಎದುರಾದ ದೊಡ್ಡ ಅಪಾಯವೆಂದರೆ ಚೀನೀಯರ ಮೇಲಿನ ಕರುಣೆ ಕಳೆದುಹೋಗುವುದಾಗಿತ್ತು ಎಂದದ್ದನ್ನು ದಲೈ ಲಾಮಾ ಮತ್ತೆ ಮತ್ತೆ ನೆನೆಯುತ್ತಾರೆ.

ದೇಶಭ್ರಷ್ಟರಾಗಿ ಉಳಿಯುವ ಗುಟ್ಟೇನೆಂದು ದಲೈ ಲಾಮಾ ಯಹೂದಿಗಳನ್ನೇ ಕೇಳಿದರು. 1990ರ ಅಕ್ಟೋಬರಿನಲ್ಲಿ ಅವರು ನೆಲೆಸಿರುವ ಧರ್ಮಶಾಲಾ ಪಟ್ಟಣಕ್ಕೆ ಬಂದ ಯಹೂದಿ ನಿಯೋಗದಲ್ಲಿದ್ದ ರಬ್ಬಿ ಇರ್ವಿಂಗ್ ಗ್ರೀನ್‌ಬರ್ಗ್ ಉತ್ತರವಾಗಿ ಯಾವ್ನೆಯ ಕಥೆಯನ್ನು ಹೇಳಿದರು. ಅವರ ಪತ್ನಿ ಬ್ಲೂ ಗ್ರೀನ್‌ಬರ್ಗ್ ಮನೆ ಮತ್ತು ಕುಟುಂಬದ ಪಾತ್ರವನ್ನು ವಿವರಿಸಿದರು. ಹತ್ಯಾಕಾಂಡದ ನಂತರ ದೇವರು ಆಜ್ಞಾಪಿಸುವ ಅಧಿಕಾರ ಕಳೆದುಕೊಂಡಿದ್ದಾನೆ, ಆದರೂ ಯಹೂದಿಗಳು ಒಡಂಬಡಿಕೆಯನ್ನು ಸ್ವಂತ ಇಚ್ಛೆಯಿಂದ ಹೊತ್ತಿದ್ದಾರೆ ಎಂಬುದು ಈ ಗ್ರೀನ್‌ಬರ್ಗರ ಪ್ರಸಿದ್ಧ ವಾದ. ಮುಂಡಗೋಡದಲ್ಲಿ ಆ ಹೊತ್ತಿಗಾಗಲೇ ಎರಡು ದಶಕಗಳ ಪಾಠ ನಡೆದಿತ್ತು.

ಉಳಿಸಿಕೊಂಡದ್ದು ಬದಲಾಗದೆ ಇರುವುದಿಲ್ಲ. ಟಿಬೆಟಿನಿಂದ ಬರುವವರು 2008ರ ನಂತರ ವಿರಳವಾಗಿದ್ದಾರೆ. ವಿಹಾರಗಳನ್ನು ಈಗ ಲಡಾಖ್, ಸ್ಪಿತಿ, ಅರುಣಾಚಲ, ನೇಪಾಳಗಳ ಹುಡುಗರು ತುಂಬುತ್ತಿದ್ದಾರೆ. ಹಳೆಯ ಟಿಬೆಟಿನಲ್ಲಿ ಹೆಂಗಸರಿಗೆ ದಕ್ಕದಿದ್ದ ಗೆಶೆ ಮಟ್ಟದ ಪದವಿಯನ್ನು 2016ರ ಡಿಸೆಂಬರಿನಲ್ಲಿ, ಮುಂಡಗೋಡದ ಡ್ರೆಪುಂಗ್ ವಿಹಾರದಲ್ಲಿ, 20 ಭಿಕ್ಷುಣಿಯರು ಸ್ವೀಕರಿಸಿದರು. ಈ ವಸತಿಗಳಲ್ಲಿ ತಂಗಲು ವಿದೇಶಿಯರಿಗೆ ಕೇಂದ್ರ ಸರ್ಕಾರದ ವಿಶೇಷ ಪರವಾನಗಿ ಬೇಕು. ಹುಬ್ಬಳ್ಳಿಯಿಂದ ಹೊರಡುವ ಕನ್ನಡಿಗನಿಗೆ ಬೇಕಾದದ್ದು ಮುಂಡಗೋಡದ ಬಸ್ ಟಿಕೆಟ್ ಮಾತ್ರ.